ಕಾರಾಪುರದ ಮಾವುತನ ಮಗ ಸಾಬು

ಹೈಸ್ಕೂಲಿನಲ್ಲಿದ್ದಾಗ ವಾರ್ಷಿಕೋತ್ಸವದ ನಾಟಕದಲ್ಲಿ ನನಗೆ ಪ್ರತಿವರ್ಷ ಕಾವಲುಗಾರನ ಪಾತ್ರವೇ ಸಿಗುತ್ತಿತ್ತು. ಮನೆಮಾತು ಉರ್ದು, ಕನ್ನಡ ಉಚ್ಚಾರಣೆ ಸರಿಬರುವುದಿಲ್ಲ ಎಂಬುದು ಕಾರಣ. ಈಟಿ ಹಿಡಿದು ನಿಂತರೆ ಸಾಕು, ಒಂದು ಮಾತೂ ಇಲ್ಲ. ಆ ನೆನಪಿನಿಂದಲೋ ಏನೋ, ನಟ ಸಾಬು ಅವರ ಬಗ್ಗೆ ಓದಿದಾಗ ಅವರ ಬದುಕು ನನ್ನನ್ನು ಹಿಡಿದು ನಿಲ್ಲಿಸಿತು.

ಸಾಬು ದೂರದವರಲ್ಲ. ಹೆಗ್ಗಡದೇವನಕೋಟೆ ತಾಲ್ಲೂಕಿನ ಕಾರಾಪುರದಲ್ಲಿ 1924ರಲ್ಲಿ ಹುಟ್ಟಿದವರು. ತಂದೆ ಮೈಸೂರು ಮಹಾರಾಜರ ಆನೆಗಳ ಮಾವುತ. ತಂದೆಯನ್ನು ಕಳೆದುಕೊಂಡ ಬಾಲಕ ಆನೆಗಳ ನಡುವೆಯೇ ಬೆಳೆದ. 1935ರ ಸುಮಾರಿಗೆ ರಾಬರ್ಟ್ ಫ್ಲಾಹರ್ಟಿ ಎಂಬ ನಿರ್ದೇಶಕ ‘ಎಲಿಫೆಂಟ್ ಬಾಯ್’ ಚಿತ್ರಕ್ಕಾಗಿ ಮೈಸೂರಿಗೆ ಬಂದಾಗ, ಆನೆಯ ಮೇಲೆ ಭಯವಿಲ್ಲದೆ ಕೂರುವ ಈ ಹುಡುಗ ಚಿತ್ರತಂಡದ ಕಣ್ಣಿಗೆ ಬಿದ್ದ. ಮುಂದೆ ಅಣ್ಣ ಶೇಖ್ ದಸ್ತಗೀರ್ ಜೊತೆ ಇಂಗ್ಲೆಂಡಿಗೆ ಹೋಗಿ, ಅಲ್ಲಿ ಶಾಲೆಗೆ ಸೇರಿ ಇಂಗ್ಲಿಷ್ ಕಲಿತ. 1937ರಲ್ಲಿ ಚಿತ್ರ ತೆರೆಕಂಡಾಗ ಹದಿಮೂರು ವರ್ಷದ ಸಾಬು ಲೋಕಪ್ರಸಿದ್ಧ.

1940ರ ‘ದಿ ಥೀಫ್ ಆಫ್ ಬಾಗ್ದಾದ್’ನಲ್ಲಿ ಸಾಬು ತುಂಟ ಕಳ್ಳ ಅಬು. ಎದುರಿಗೆ ಮಾಂತ್ರಿಕ ಜಾಫರನಾಗಿ ನಟಿಸಿದವರು ಜರ್ಮನಿಯ ಕಾನ್ರಾಡ್ ವೈಟ್. 1920ರ ಮೂಕಿ ಚಿತ್ರ ‘ಡಾ. ಕ್ಯಾಲಿಗರಿ’ಯಲ್ಲಿ ನಿದ್ದೆಯಲ್ಲಿ ನಡೆಯುವವನ ಪಾತ್ರದಿಂದ ಹೆಸರಾದವರು. ಪತ್ನಿ ಯಹೂದಿ. ನಾಜಿಗಳು ಅಧಿಕಾರಕ್ಕೆ ಬಂದ 1933ರಲ್ಲೇ ಅವರು ದೇಶ ಬಿಟ್ಟರು. ಆದರೆ ಹಾಲಿವುಡ್ ಅವರಿಗೆ ಕೊಟ್ಟದ್ದು ನಾಜಿ ಅಧಿಕಾರಿಯ ಪಾತ್ರಗಳನ್ನೇ! ‘ಕಾಸಾಬ್ಲಾಂಕಾ’ದ ಮೇಜರ್ ಸ್ಟ್ರಾಸರ್ ಅವರೇ. 1943ರಲ್ಲಿ ಐವತ್ತನೇ ವಯಸ್ಸಿನಲ್ಲಿ ತೀರಿಕೊಂಡರು.

ಸಾಬು ಅವರದೂ ಇಂಥದೇ ಕಥೆ. 1942ರ ‘ಜಂಗಲ್ ಬುಕ್’ನಲ್ಲಿ ಮೋಗ್ಲಿ. 1944ರಲ್ಲಿ ಅಮೆರಿಕದ ಪೌರತ್ವ ಪಡೆದು, ಯುದ್ಧವಿಮಾನದ ಹಿಂಭಾಗದಲ್ಲಿ ಬಂದೂಕು ಹಿಡಿದು ಪೆಸಿಫಿಕ್ ಸಾಗರದ ಮೇಲೆ ಹೋರಾಡಿ ಶೌರ್ಯ ಪದಕ ಗಳಿಸಿದರು. ಮರಳಿ ಬಂದಾಗ ಕಾದಿದ್ದು ಮತ್ತೆ ಕಾಡು, ಆನೆ, ಪೂರ್ವದೇಶದ ಹುಡುಗನ ಪಾತ್ರಗಳು. 1947ರ ‘ಬ್ಲ್ಯಾಕ್ ನಾರ್ಸಿಸಸ್’ನಲ್ಲಿ ಯುವ ರಾಜಕುಮಾರನಾಗಿ ಚೆನ್ನಾಗಿ ನಟಿಸಿದರೂ ದೊಡ್ಡ ಅವಕಾಶಗಳು ಕಡಿಮೆಯಾದವು. ಮೆಹಬೂಬ್ ಖಾನ್ ‘ಮದರ್ ಇಂಡಿಯಾ’ದ ಬಿರ್ಜು ಪಾತ್ರಕ್ಕೆ ಅವರನ್ನು ಕರೆಸಬೇಕೆಂದಿದ್ದರು. ಅದು ಕೈಗೂಡಲಿಲ್ಲ, ಪಾತ್ರ ಸುನಿಲ್ ದತ್ ಪಾಲಾಯಿತು. ಮೈಸೂರು ಸೀಮೆಯ ಈ ನಟ ಒಂದೇ ಒಂದು ಭಾರತೀಯ ಚಿತ್ರದಲ್ಲೂ ನಟಿಸಲಿಲ್ಲ. 1963ರ ಡಿಸೆಂಬರ್ 2ರಂದು ಹೃದಯಾಘಾತದಿಂದ ನಿಧನರಾದಾಗ ವಯಸ್ಸು ಕೇವಲ 39.

ಈ ಇಬ್ಬರಿಗೂ ಪಾತ್ರ ಹಂಚಿದವರು ನೋಡಿದ್ದು ಮುಖ ಮತ್ತು ಹುಟ್ಟೂರನ್ನು. ಆದರೂ ಸಿಕ್ಕ ಪಾತ್ರವನ್ನು ಇಬ್ಬರೂ ಕಾಟಾಚಾರಕ್ಕೆ ಮಾಡಲಿಲ್ಲ. ಜಾಫರನ ಕಣ್ಣು, ಅಬುವಿನ ನಗು ಇಂದಿಗೂ ನೋಡುವವರ ಮನಸ್ಸಿನಲ್ಲಿ ಉಳಿಯುತ್ತವೆ. ಪಾತ್ರ ಚಿಕ್ಕದೆಂದು ಮುನಿಸಿಕೊಂಡು ನಾನು ಹತ್ತನೇ ತರಗತಿಯಲ್ಲಿ ನಾಟಕವನ್ನೇ ಬಿಟ್ಟೆ. ಅದು ನನ್ನ ತಪ್ಪು. ಹಾಗೆಂದು ಪಾತ್ರ ಹಂಚಿದ್ದು ಸರಿ ಎಂದೂ ಹೇಳಲಾರೆ.

ಸ್ನೇಹಿತರೇ, ಈ ವರ್ಷ ನಮ್ಮ ಕಾಲೇಜಿನ ನಾಟಕಕ್ಕೆ ನಾನು ಹೆಸರು ಕೊಡುತ್ತಿದ್ದೇನೆ. ಉಪನ್ಯಾಸಕರಲ್ಲಿ ನನ್ನದೊಂದು ವಿನಂತಿ: ಪಾತ್ರ ಹಂಚುವ ಮೊದಲು ಎಲ್ಲರಿಂದಲೂ ಒಮ್ಮೆ ಮಾತು ಓದಿಸಿ ನೋಡಿ. ಕಡಿಮೆ ಮಾತಿನ ಪಾತ್ರವೇ ಬಂದರೂ ಈ ಸಲ ಬಿಡುವುದಿಲ್ಲ.