ಮೂಕಿ ಹಾಸ್ಯಚಿತ್ರಗಳು: ಉಡುಪು ಮತ್ತು ರಂಗಭೂಮಿಯ ಪ್ರಭಾವ

ಮಾತಿಲ್ಲದ ಚಿತ್ರಗಳಲ್ಲಿ ಉಡುಪೇ ಪಾತ್ರದ ಗುರುತು. ಹಲವು ಹಾಸ್ಯನಟರು ಬ್ರಿಟನ್ನಿನ ಮ್ಯೂಸಿಕ್ ಹಾಲ್, ಅಮೆರಿಕದ ವಾಡೆವಿಲ್ ರಂಗಗಳಿಂದ ಬಂದವರು.

• ಮ್ಯಾಕ್ಸ್ ಲಿಂಡರ್ (ಫ್ರಾನ್ಸ್): ರೇಷ್ಮೆಯ ಎತ್ತರದ ಟೋಪಿ, ಅಂದದ ಕೋಟು, ಬೆತ್ತ, ಸಿರಿವಂತ ಶೋಕಿಲಾಲನ ಪಾತ್ರ.

• ಚಾರ್ಲಿ ಚಾಪ್ಲಿನ್: ಫ್ರೆಡ್ ಕಾರ್ನೋ ರಂಗತಂಡದಲ್ಲಿ ಪಳಗಿದವರು. ಬಿಗಿ ಕೋಟು, ದೊಗಲೆ ಪ್ಯಾಂಟು, ದೊಡ್ಡ ಬೂಟು, ಬೌಲರ್ ಟೋಪಿ, ಬೆತ್ತ. ಈ 'ಟ್ರ್ಯಾಂಪ್' (ಅಲೆಮಾರಿ) ಪಾತ್ರ ಮೊದಲು ತೆರೆಕಂಡ ಚಿತ್ರ: 'ಕಿಡ್ ಆಟೋ ರೇಸಸ್ ಅಟ್ ವೆನಿಸ್' (1914, ಕೀಸ್ಟೋನ್).

• ಬಸ್ಟರ್ ಕೀಟನ್: ಬಾಲ್ಯದಲ್ಲೇ ತಂದೆತಾಯಿಯೊಂದಿಗೆ ವಾಡೆವಿಲ್ ರಂಗವೇರಿದವರು, ಚಪ್ಪಟೆ ಟೋಪಿ, ನಗದ ಮುಖ.

• ಹೆರಾಲ್ಡ್ ಲಾಯ್ಡ್: ದುಂಡು ಕನ್ನಡಕ, ಹುಲ್ಲಿನ ಟೋಪಿ, 'ಸೇಫ್ಟಿ ಲಾಸ್ಟ್!' (1923).

ಗಮನಿಸಿ: 'ಮೇಬಲ್ಸ್ ಸ್ಟ್ರೇಂಜ್ ಪ್ರೆಡಿಕಮೆಂಟ್'ನಲ್ಲಿ ಟ್ರ್ಯಾಂಪ್ ವೇಷ ಮೊದಲು ಚಿತ್ರೀಕರಣಗೊಂಡರೂ ಆ ಚಿತ್ರ ತೆರೆಕಂಡದ್ದು ಎರಡನೆಯದಾಗಿ.