ಕಟ್ಟು ಬಿಚ್ಚಿದರೆ ಲೆಕ್ಕ ಬಂದೀತು

52ರಲ್ಲಿ 28 ಕಳೆ ಎಂದರೆ ಎಷ್ಟೋ ಮಕ್ಕಳು 36 ಎಂದು ಬರೆಯುತ್ತಾರೆ. ಕೆಂಪು ಶಾಯಿಯಲ್ಲಿ ತಪ್ಪು ಹಾಕುವ ಮೊದಲು ‘ಹೇಗೆ ಮಾಡಿದೆ, ಹೇಳು ಪುಟ್ಟಾ’ ಎಂದು ಕೇಳಿ. ಎರಡರಲ್ಲಿ ಎಂಟು ಹೋಗುವುದಿಲ್ಲವಲ್ಲ, ಅದಕ್ಕೇ ಮಗು ಎಂಟರಲ್ಲೇ ಎರಡು ಕಳೆದಿರುತ್ತದೆ. ಅದು ಉದಾಸೀನವಲ್ಲ, ಯೋಚನೆಯೇ. ದಾರಿ ಮಾತ್ರ ತಪ್ಪಿದೆ.

ಇಲ್ಲಿ ಬೈಗುಳಕ್ಕಿಂತ ಹಿಡಿಕಡ್ಡಿ ಹೆಚ್ಚು ಕೆಲಸ ಮಾಡುತ್ತದೆ. ಹತ್ತು ಹತ್ತು ಕಡ್ಡಿಗೆ ರಬ್ಬರ್ ಬ್ಯಾಂಡ್ ಹಾಕಿ ಐದು ಕಟ್ಟು, ಜೊತೆಗೆ ಎರಡು ಬಿಡಿ ಕಡ್ಡಿ ಮುಂದಿಡಿ. ಎಂಟು ಬಿಡಿ ಕೊಡಬೇಕಾದರೆ ಒಂದು ಕಟ್ಟು ಬಿಚ್ಚಲೇಬೇಕು. ಆಗ ಬಿಡಿ ಹನ್ನೆರಡಾಗುತ್ತವೆ. ಪಕ್ಕದ ಮನೆಯಿಂದ ಹತ್ತು ತರುವುದೆಂದರೆ ಏನೆಂದು ಮಗುವಿನ ಬೆರಳಿಗೇ ಗೊತ್ತಾಗುತ್ತದೆ. ಐವತ್ತೆರಡು ಎಂಬ ಪದದೊಳಗೇ ಐದು ಹತ್ತು ಮತ್ತು ಎರಡು ಕೂತಿವೆ. ಬಿಡಿಸಿ ಹೇಳಿ, ಕನ್ನಡದ ಮಕ್ಕಳಿಗೆ ಇದೊಂದು ವರ.

ಪ್ರೌಢಶಾಲೆಯ ಬೀಜಗಣಿತಕ್ಕೂ ಕಾಗದ, ಕತ್ತರಿ ಬೇಕು. ಚೌಕವೊಂದನ್ನು ಎರಡು ಚೌಕ, ಎರಡು ಆಯತವಾಗಿ ನಾಲ್ಕು ತುಂಡು ಮಾಡಿದ ಮಗು (ಎ+ಬಿ)² ಸೂತ್ರದಲ್ಲಿ ‘2ಎಬಿ’ಯನ್ನು ಸುಲಭಕ್ಕೆ ಮರೆಯುವುದಿಲ್ಲ.

ಕೋಲ್ಕತ್ತ, ದೆಹಲಿಯ ಮಾರುಕಟ್ಟೆಗಳಲ್ಲಿ ದುಡಿಯುವ ಮಕ್ಕಳ ಬಗ್ಗೆ 2025ರಲ್ಲಿ ‘ನೇಚರ್’ ಪತ್ರಿಕೆಯಲ್ಲಿ ಒಂದು ಅಧ್ಯಯನ ಬಂತು. ವ್ಯಾಪಾರದ ಲೆಕ್ಕವನ್ನು ಬಾಯಲ್ಲೇ ಹೇಳುವ ಆ ಮಕ್ಕಳು ಪಠ್ಯಪುಸ್ತಕದ ಲೆಕ್ಕಕ್ಕೆ ತಡವರಿಸಿದರು. ಶಾಲೆಯ ಮಕ್ಕಳು ವ್ಯಾಪಾರದ ಲೆಕ್ಕಕ್ಕೆ ತಡವರಿಸಿದರು. ಈ ಅಂತರ ತುಂಬಲು ಮುಂದಿನ ಸಂತೆಯಲ್ಲಿ ಮುಕ್ಕಾಲು ಕಿಲೋ ಟೊಮೆಟೊದ ಲೆಕ್ಕ, ಚಿಲ್ಲರೆ ಎರಡನ್ನೂ ಮಗುವಿಗೇ ಬಿಡಿ. ಮನೆಗೆ ಬಂದ ಮೇಲೆ ಅದೇ ಲೆಕ್ಕವನ್ನು ನೋಟ್‌ಬುಕ್ಕಿನಲ್ಲಿ ಬರೆಸಿ.