ಅಲ್ಪವ್ಯಯದ ಪ್ರವಾಸ: ಇಂಕರ ಹಾಳುಪಟ್ಟಣಗಳಲ್ಲಿ

'ದೇಶ ಸುತ್ತಬೇಕು, ಕೋಶ ಓದಬೇಕು' ಎಂಬುದು ಹಿರಿಯರ ಮಾತು. ದೇಶ ಸುತ್ತುವುದಕ್ಕೆ ಹಣ ಬೇಕು. ಕೋಶ ಓದುವುದಕ್ಕೆ ಕಾಲೇಜಿನ ಗ್ರಂಥಭಂಡಾರದ ಚೀಟಿಯೊಂದಿದ್ದರೆ ಸಾಕು. ಪ್ರಕೃತ ಲೇಖಕನು ಈ ಎರಡನೆಯ ಬಗೆಯ ಯಾತ್ರಿಕ. ದಕ್ಷಿಣ ಅಮೆರಿಕದ ಪೆರು ದೇಶವನ್ನು ಅವನು ಕಣ್ಣಾರೆ ಕಂಡವನಲ್ಲ. ಆದರೆ ಅಲ್ಲಿಯ ಇಂಕರ ಹಾಳುಪಟ್ಟಣಗಳನ್ನು ಮಾರ್ಗದರ್ಶಕನೊಬ್ಬನೊಡನೆ ಕಡಿಮೆ ಖರ್ಚಿನಲ್ಲಿ ನೋಡಿಬರುವ ಬಗೆಯನ್ನು ಓದುತ್ತ ಹೋದಂತೆ, 'ಕಡಿಮೆ ಖರ್ಚು' ಎಂಬ ಮಾತಿನಲ್ಲಿಯೇ ಇತಿಹಾಸದ ವಿದ್ಯಾರ್ಥಿಗೆ ಬೇಕಾದ ವಿಷಯ ಅಡಗಿದೆಯೆಂದು ತೋರಿತು. ಖರ್ಚು ಕಡಿಮೆಯಾದದ್ದು ಯಾರಿಗೆ? ಆ ಕೊರತೆಯನ್ನು ತುಂಬಿಕೊಡುವವರು ಯಾರು? ಈ ಲೇಖನದ ಪ್ರಶ್ನೆ ಇಷ್ಟೆ.

ಇಂಕರು ಆಂಡೀಸ್ ಪರ್ವತಗಳ ನಡುವೆ, ಸಮುದ್ರಮಟ್ಟದಿಂದ ಸುಮಾರು ೩,೪೦೦ ಮೀಟರ್ ಎತ್ತರದಲ್ಲಿರುವ ಕುಸ್ಕೊ ನಗರವನ್ನು ರಾಜಧಾನಿಯಾಗಿ ಮಾಡಿಕೊಂಡು ಆಳಿದವರು. ಹದಿನೈದನೆಯ ಶತಮಾನದಲ್ಲಿ ಪಚಕೂಟಿ ಎಂಬ ದೊರೆಯ ಕಾಲಕ್ಕೆ ಅವರ ಚಿಕ್ಕ ರಾಜ್ಯ ಸಾಮ್ರಾಜ್ಯವಾಗಿ ಬೆಳೆಯತೊಡಗಿತು. ೧೫೩೨ರ ನವೆಂಬರಿನಲ್ಲಿ ಸ್ಪೇನಿನ ಫ್ರಾನ್ಸಿಸ್ಕೊ ಪಿಸಾರೊ ಎಂಬವನು ಅವರ ದೊರೆ ಅಟಾವಾಲ್ಪನನ್ನು ಸೆರೆಹಿಡಿದು, ಮರುವರ್ಷ ಕೊಲ್ಲಿಸಿದನು. ಅಳಿದುಳಿದವರು ವಿಲ್ಕಬಾಂಬದ ಕಾಡುಗಳಲ್ಲಿ ೧೫೭೨ರವರೆಗೆ ಹೋರಾಡಿದರು. ನಮ್ಮಲ್ಲಿ ರಕ್ಕಸ ತಂಗಡಿಯ ಕಾಳಗವಾಗಿ ಆಗ ಏಳು ವರ್ಷ ಕಳೆದಿತ್ತು ಎಂಬುದನ್ನು ನೆನೆದರೆ ಕಾಲದ ಅಳತೆ ನಮಗೆ ಸುಲಭವಾಗಿ ಸಿಕ್ಕುತ್ತದೆ.

ಈ ಜನರಿಗೆ ಕಬ್ಬಿಣ ತಿಳಿದಿರಲಿಲ್ಲ. ಗಾಡಿಯ ಚಕ್ರವಿರಲಿಲ್ಲ, ಕುದುರೆ ಎತ್ತುಗಳಿರಲಿಲ್ಲ. ಅವರಲ್ಲಿದ್ದ ಲಾಮಾ ಎಂಬ ಪ್ರಾಣಿ ಹೊರುವ ಹೊರೆ ಹೆಚ್ಚೆಂದರೆ ೩೦ ಕಿಲೊಗ್ರಾಮಿನ ಆಸುಪಾಸು. ಲೆಕ್ಕಪತ್ರವೆಲ್ಲ ದಾರಗಳಿಗೆ ಹಾಕಿದ ಗಂಟುಗಳಲ್ಲಿ ನಡೆಯುತ್ತಿತ್ತು. ಇಷ್ಟಿದ್ದೂ ೩೦,೦೦೦ ಕಿಲೊಮೀಟರಿಗೂ ಮೀರಿದ ರಸ್ತೆಗಳ ಜಾಲವನ್ನು ಅವರು ಹರಡಿದರು. ೨೦೧೪ರಲ್ಲಿ ಯುನೆಸ್ಕೊ ಈ ರಸ್ತೆಯನ್ನು ವಿಶ್ವಪರಂಪರೆಯ ಪಟ್ಟಿಗೆ ಸೇರಿಸಿದಾಗ ಅದರಲ್ಲಿ ಪಾಲುದಾರರಾದ ದೇಶಗಳು ಆರು.

ಇದೆಲ್ಲ ಹೇಗೆ ಸಾಧ್ಯವಾಯಿತು? ಉತ್ತರ ಒಂದೇ ಮಾತಿನಲ್ಲಿದೆ: ಮಿತಾ. ಇಂಕರ ಪ್ರಜೆ ಕಂದಾಯವನ್ನು ನಾಣ್ಯದಲ್ಲಿ ತೆರುತ್ತಿರಲಿಲ್ಲ, ಮೈದುಡಿಮೆಯಲ್ಲಿ ತೆರುತ್ತಿದ್ದನು. ಮಿತಾ ಎಂದರೆ ಅವರ ಕೆಚುವ ಭಾಷೆಯಲ್ಲಿ ಸರದಿಯೆಂದು ಅರ್ಥ. ಸರದಿ ಬಂದವರು ಹೋಗಿ ರಸ್ತೆ ಹಾಸುವರು, ಗೋಡೆ ಕಟ್ಟುವರು, ಸೇನೆಗೆ ಸೇರುವರು. ನಮ್ಮ ಕಡೆಯ ಬಿಟ್ಟಿ ಚಾಕರಿಯನ್ನು ಇದು ನೆನಪಿಗೆ ತರುತ್ತದೆಯಾದರೂ ಒಂದು ವ್ಯತ್ಯಾಸವಿದೆ. ದುಡಿಯುವಷ್ಟು ದಿನ ಆಳಿನ ಊಟ ಉಪಚಾರಗಳು ಅರಸನ ಕಣಜದಿಂದ ಬರುತ್ತಿದ್ದವು. ಸ್ಪೇನಿನವರು ಬಂದಮೇಲೆ ಮಿತಾ ಎಂಬ ಹೆಸರನ್ನು ಹಾಗೆಯೇ ಉಳಿಸಿಕೊಂಡು ಜನರನ್ನು ಪೊಟೊಸಿಯ ಬೆಳ್ಳಿಗಣಿಗಳಿಗೆ ಅಟ್ಟಿದರು. ಹೆಸರು ಉಳಿಯಿತು, ಕಣಜ ಉಳಿಯಲಿಲ್ಲ.

ಕುಸ್ಕೊ ನಗರದ ನೆತ್ತಿಯ ಮೇಲೆ ಸಕ್ಸಾಯ್‌ವಾಮಾನ್ ಎಂಬ ಕೋಟೆಯಂಥ ಕಟ್ಟಡವಿದೆ. ಅಂಕುಡೊಂಕಾಗಿ ಸಾಗುವ ಮೂರು ಸಾಲು ಗೋಡೆಗಳು. ಅವುಗಳಲ್ಲಿ ದೊಡ್ಡ ಕಲ್ಲುಗಳು ೧೦೦ ಟನ್ನಿಗೂ ಮಿಕ್ಕಿ ತೂಗುತ್ತವೆ. ಹದಿನಾರನೆಯ ಶತಮಾನದಲ್ಲಿ ಆ ಪ್ರಾಂತವನ್ನು ತಿರುಗಿ ನೋಡಿದ ಸಿಯೆಸ ದೆ ಲಿಯೋನ್ ಎಂಬ ಸ್ಪೇನಿನ ಬರಹಗಾರನು ಈ ಕೆಲಸಕ್ಕೆ ೨೦,೦೦೦ ಜನ ಸೇರಿದ್ದರೆಂದೂ, ಅವರಲ್ಲಿ ೪,೦೦೦ ಮಂದಿ ಕಲ್ಲು ಕೀಳುತ್ತಿದ್ದರೆಂದೂ, ೬,೦೦೦ ಮಂದಿ ತೊಗಲಿನ ಮತ್ತು ನಾರಿನ ಹಗ್ಗಗಳಿಂದ ಎಳೆಯುತ್ತಿದ್ದರೆಂದೂ ದಾಖಲಿಸಿದ್ದಾನೆ. ಇಂಕ ರಾಜವಂಶದ ತಾಯಿಗೂ ಸ್ಪೇನಿನ ತಂದೆಗೂ ಕುಸ್ಕೊದಲ್ಲಿ ಹುಟ್ಟಿದ ಗಾರ್ಸಿಲಾಸೊ ದೆ ಲಾ ವೇಗನು ೧೬೦೯ರಲ್ಲಿ ಪ್ರಕಟವಾದ ತನ್ನ ಗ್ರಂಥದಲ್ಲಿ 'ದಣಿದ ಕಲ್ಲಿ'ನ ಕಥೆಯನ್ನು ಹೇಳುತ್ತಾನೆ. ಬಹುದೂರದಿಂದ ಎಳೆದು ತಂದ ಒಂದು ಬಂಡೆ ಕೋಟೆಯನ್ನು ಮುಟ್ಟುವ ಮೊದಲೇ ದಣಿದು ನೆತ್ತರು ಸುರಿಸಿತಂತೆ. ಆ ನೆತ್ತರಿನ ಅರ್ಥವನ್ನೂ ಅವನೇ ಬಿಡಿಸಿದ್ದಾನೆ. ಇಳಿಜಾರಿನಲ್ಲಿ ಬಂಡೆ ಕೈತಪ್ಪಿ, ಎಳೆಯುತ್ತಿದ್ದವರಲ್ಲಿ ಮೂರು ನಾಲ್ಕು ಸಾವಿರ ಮಂದಿ ಅದರಡಿ ಸಿಕ್ಕಿ ಸತ್ತರೆಂದು ಜನ ಹೇಳುತ್ತಿದ್ದರಂತೆ. ಈ ಸಂಖ್ಯೆಯನ್ನು ನಾವು ಅಕ್ಷರಶಃ ನಂಬಬೇಕಾಗಿಲ್ಲ. ಆದರೆ ಕಟ್ಟಿಸಿದ ಅರಸನನ್ನಲ್ಲ, ಎಳೆದ ಆಳನ್ನು ಜನ ನೆನಪಿನಲ್ಲಿಟ್ಟುಕೊಂಡರು ಎಂಬುದು ಗಮನಿಸತಕ್ಕ ಅಂಶ.

ಇನ್ನು ಪ್ರವಾಸದ ವಿಚಾರ. ಮಾಚು ಪಿಚು ಎಂಬ ಜಗತ್ಪ್ರಸಿದ್ಧ ಹಾಳುಪಟ್ಟಣವನ್ನು ಅಮೆರಿಕದ ಹೈರಮ್ ಬಿಂಗ್‌ಹ್ಯಾಮ್ ಎಂಬ ಪ್ರಾಧ್ಯಾಪಕರು 'ಕಂಡುಹಿಡಿದ' ದಿನ ೧೯೧೧ರ ಜುಲೈ ೨೪. ಕಂಡುಹಿಡಿದದ್ದು ಹೇಗೆ? ಉರುಬಾಂಬ ನದಿಯ ದಡದಲ್ಲಿ ವಾಸವಾಗಿದ್ದ ಮೆಲ್ಚೊರ್ ಆರ್ಟಿಯಾಗ ಎಂಬ ರೈತನು 'ಮೇಲೆ ಹಾಳುಮನೆಗಳಿವೆ' ಎಂದನು. ಜಿನುಗುಮಳೆಯ ಬೆಳಗು, ಅವನಿಗೆ ಬರಲು ಮನಸ್ಸಿಲ್ಲ. ಒಂದು ಸೋಲ್ ನಾಣ್ಯ ಕೊಡುವುದಾಗಿ ಹೇಳಿದ ಮೇಲೆ ಒಪ್ಪಿದನು. ಅದು ಆ ಪ್ರದೇಶದ ದಿನಗೂಲಿಯ ಮೂರುನಾಲ್ಕು ಪಟ್ಟಾಗಿತ್ತೆಂದು ಬಿಂಗ್‌ಹ್ಯಾಮರೇ ಬರೆದಿದ್ದಾರೆ. ಮೇಲೆ ಹತ್ತಿ ನೋಡಿದರೆ ಅಲ್ಲಿ ಸಂಸಾರಗಳು ವಾಸವಾಗಿವೆ! ಇಂಕರು ಕಟ್ಟಿದ ಮೆಟ್ಟಿಲುಹೊಲಗಳಲ್ಲಿಯೇ ಅವರು ಬೆಳೆ ತೆಗೆಯುತ್ತಿದ್ದರು. ಬಂದವರಿಗೆ ತಣ್ಣೀರನ್ನೂ ಬೇಯಿಸಿದ ಗೆಣಸನ್ನೂ ಕೊಟ್ಟು ಉಪಚರಿಸಿದರು. ಆರ್ಟಿಯಾಗ ಅಲ್ಲಿಯೇ ಹರಟುತ್ತ ಕುಳಿತನು. ಮುಂದಕ್ಕೆ ದಾರಿ ತೋರಿಸಿದವನು ಆ ಮನೆಯ ಒಬ್ಬ ಹುಡುಗ. ಗೋಡೆಯ ಮೇಲೆ ಲಿಸಾರಾಗ ಎಂಬ ಹೆಸರು, ೧೯೦೨ ಎಂಬ ಇಸವಿ ಇದ್ದಲಿನಲ್ಲಿ ಬರೆದಿತ್ತು. ಅಂದರೆ ಆ ಕಡೆಯ ರೈತನೇ ಆದ ಆಗುಸ್ತಿನ್ ಲಿಸಾರಾಗ ಒಂಬತ್ತು ವರ್ಷ ಮೊದಲೇ ಬಂದುಹೋಗಿದ್ದನು. ಮಾರ್ಗದರ್ಶಕನೊಡಗೂಡಿದ ಅಗ್ಗದ ಪ್ರವಾಸಕ್ಕೆ ಇದಕ್ಕಿಂತ ಒಳ್ಳೆಯ ನಿದರ್ಶನ ಬೇಕೆ? ಒಂದು ಸೋಲ್ ಕೊಟ್ಟವರ ಹೆಸರು ಪಠ್ಯಪುಸ್ತಕದಲ್ಲಿದೆ.

ಈಗಿನ ಪ್ರವಾಸಿಗೆ ಕುಸ್ಕೊದಿಂದ ಮಾಚು ಪಿಚುವಿಗೆ ಹೋಗಲು ಮುಖ್ಯವಾಗಿ ಮೂರು ದಾರಿಗಳು. ಬೆಟ್ಟದ ಬುಡದ ಊರಿಗೆ ಹೊರಗಿನಿಂದ ಮೋಟಾರು ರಸ್ತೆಯಿಲ್ಲವಾದ್ದರಿಂದ ಹಣವುಳ್ಳವರು ರೈಲಿನಲ್ಲಿ ಹೋಗುತ್ತಾರೆ. ಹಣವಿಲ್ಲದವರು ಚಿಕ್ಕ ವ್ಯಾನುಗಳಲ್ಲಿ ಆರೇಳು ಗಂಟೆ ಬೆಟ್ಟ ಬಳಸಿ ಜಲವಿದ್ಯುತ್ ಕೇಂದ್ರವೊಂದರ ಬಳಿ ಇಳಿದು, ರೈಲುಹಳಿಯ ಪಕ್ಕದಲ್ಲಿ ಸುಮಾರು ೧೦ ಕಿಲೊಮೀಟರ್ ನಡೆಯುತ್ತಾರೆ. ಊರು ಸೇರಿದ ಮೇಲೆಯೂ ಬಸ್ಸಿನ ಬದಲು ಕಲ್ಲುಮೆಟ್ಟಿಲು ಹತ್ತಿದರೆ ಮತ್ತಷ್ಟು ಉಳಿತಾಯ. ೨೦೨೪ರಲ್ಲಿ ಪ್ರವೇಶದ ಚೀಟಿ ಹೊರದೇಶದ ವಯಸ್ಕರಿಗೆ ೧೫೨ ಸೋಲ್, ಪೆರುವಿನವರಿಗೆ ೬೪. ಕುಸ್ಕೊ ಸುತ್ತಮುತ್ತಲಿನ ಸಕ್ಸಾಯ್‌ವಾಮಾನ್, ಪಿಸಾಕ್, ಒಯಾಂತಾಯ್‌ತಾಂಬೊ ಮುಂತಾದ ೧೬ ಸ್ಥಳಗಳಿಗೆ ಹತ್ತು ದಿನ ನಡೆಯುವ ಒಂದೇ ಚೀಟಿಯಿದೆ. ಮಾರ್ಗದರ್ಶಕನ ಸಂಭಾವನೆಯನ್ನು ಎಂಟುಹತ್ತು ಮಂದಿ ಹಂಚಿಕೊಂಡರೆ ತಲೆಗೆ ಬೀಳುವುದು ಅಲ್ಪವೇ. ಆದರೆ ಸಮುದ್ರಮಟ್ಟದ ಲೀಮಾದಿಂದ ಬಂದವನು ಕುಸ್ಕೊದಲ್ಲಿ ಒಂದೆರಡು ದಿನ ಸುಮ್ಮನೆ ವಿಶ್ರಮಿಸಬೇಕು. ಆ ದಿನಗಳ ಖರ್ಚನ್ನು ಉಳಿಸಲು ಹೋದವನಿಗೆ ತಲೆನೋವು, ವಾಂತಿ, ಏದುಸಿರುಗಳು ಗಂಟುಬೀಳುತ್ತವೆ.

ಹೀಗೆ ಹಣ ಉಳಿಸುವುದರಲ್ಲಿ ನಾನು ದೋಷವೇನನ್ನೂ ಕಾಣೆ. ಇಲ್ಲಿ ಉಳಿಸುವವನು ತನ್ನ ಕಾಲನ್ನೇ ದುಡಿಸಿಕೊಳ್ಳುತ್ತಾನೆ.

ಮಾರ್ಗದರ್ಶಕನ ವಿಷಯದಲ್ಲಿ ಮಾತ್ರ ಎಚ್ಚರ ಬೇಕು. ಒಳ್ಳೆಯ ಮಾರ್ಗದರ್ಶಕನು ಕುಸ್ಕೊದ ಸೂರ್ಯದೇವಾಲಯಕ್ಕೆ ಕರೆದೊಯ್ದು, ಅದರ ಗೋಡೆಗಳ ಮೇಲೆ ಸ್ಪೇನಿನವರು ಕಟ್ಟಿದ ಕ್ರೈಸ್ತಮಠವನ್ನು ತೋರಿಸುತ್ತಾನೆ. ೧೯೫೦ರ ಭೂಕಂಪದಲ್ಲಿ ಮೇಲಿನ ಮಠ ಬಿರಿದು ಕುಸಿಯಿತು. ಗಾರೆಯಿಲ್ಲದೆ ಕಲ್ಲಿಗೆ ಕಲ್ಲು ಕೂಡಿಸಿದ ಕೆಳಗಿನ ಇಂಕ ಗೋಡೆ ನಿಂತಿತು. ಅಗ್ಗದ ಮಾರ್ಗದರ್ಶಕನಾದರೋ ಇಂಥ ಕಲ್ಲುಗಳನ್ನು ಬೇರೆ ಗ್ರಹದಿಂದ ಬಂದವರು ಕಡೆದರೆಂದು ಹೇಳಿ ಬೆರಗುಗೊಳಿಸಿದರೂ ಗೊಳಿಸಬಹುದು. ಅಂಥ ಕಥೆಗಳಿಗೆ ಗಿರಾಕಿ ಹೆಚ್ಚು. ಜಾನ್-ಪಿಯರ್ ಪ್ರೊಟ್ಸೆನ್ ಎಂಬ ವಾಸ್ತುಶಾಸ್ತ್ರದ ಪ್ರಾಧ್ಯಾಪಕರು ೧೯೮೦ರ ದಶಕದಲ್ಲಿ ಇಂಕರ ಕಲ್ಲುಗಣಿಗಳಲ್ಲಿಯೇ ಪ್ರಯೋಗ ಮಾಡಿ, ನದಿಯ ಗಟ್ಟಿ ಗುಂಡುಕಲ್ಲುಗಳಿಂದ ಬಡಿದು ಬಡಿದು ಅಂಥ ಮುಖಗಳನ್ನು ಕಡೆಯಬಹುದೆಂದು ತೋರಿಸಿಕೊಟ್ಟಿದ್ದಾರೆ. ಅನ್ಯಗ್ರಹದವರ ಕಥೆ ಕೇವಲ ಸುಳ್ಳಲ್ಲ. ಅದು ಕೂಲಿಯವನ ಕೈಯಿಂದ ಕೀರ್ತಿಯನ್ನೂ ಕಸಿದುಕೊಳ್ಳುವ ಸುಳ್ಳು.

ಮೂರನೆಯ ದಾರಿಯೇ ಇಂಕರ ಕಾಲುದಾರಿ. ಸುಮಾರು ೪೩ ಕಿಲೊಮೀಟರ್, ನಾಲ್ಕು ದಿನದ ನಡಿಗೆ. ನಡುವೆ ೪,೨೧೫ ಮೀಟರ್ ಎತ್ತರದ ಒಂದು ಕಣಿವೆಬಾಯಿಯನ್ನು ದಾಟಬೇಕು. ದುರಸ್ತಿಗಾಗಿ ಪ್ರತಿ ಫೆಬ್ರವರಿಯಲ್ಲಿ ದಾರಿಯನ್ನು ಮುಚ್ಚುತ್ತಾರೆ. ಪರವಾನಗಿಯುಳ್ಳ ಸಂಸ್ಥೆಯ ಮೂಲಕವೇ ಹೋಗಬೇಕು. ದಿನಕ್ಕೆ ೫೦೦ ಜನರಿಗೆ ಮಾತ್ರ ಅಪ್ಪಣೆ. ಅವರಲ್ಲಿ ಪ್ರವಾಸಿಗಳು ಸುಮಾರು ೨೦೦, ಉಳಿದವರು ಮಾರ್ಗದರ್ಶಕರು, ಅಡಿಗೆಯವರು, ಹೊರೆಯಾಳುಗಳು. ಗೊರಸು ತಗುಲಿ ಕಲ್ಲುಹಾಸು ಕೆಡುವುದೆಂದು ಹೇಸರಗತ್ತೆಗಳನ್ನು ಈ ದಾರಿಯಲ್ಲಿ ಬಿಡುವುದಿಲ್ಲ. ಆದುದರಿಂದ ಡೇರೆ, ಪಾತ್ರೆ, ಗ್ಯಾಸಿನ ಉರುಳೆ, ಊಟದ ಮೇಜು ಕುರ್ಚಿ ಸಹ ಮನುಷ್ಯನ ಬೆನ್ನಿನ ಮೇಲೆಯೇ ಸಾಗಬೇಕು. ಹೊರುವವರು ಬಹುಮಟ್ಟಿಗೆ ಕೆಚುವ ಮಾತಾಡುವ ಬೆಟ್ಟದ ಹಳ್ಳಿಗಳ ರೈತರು. ಪ್ರವಾಸಿಗಳ ಹಿಂದೆ ಹೊರಟು, ಅವರನ್ನು ದಾಟಿ ಓಡಿ, ಅವರು ಬರುವಷ್ಟರಲ್ಲಿ ಡೇರೆ ಹೂಡಿ ನೀರು ಕಾಯಿಸಿರಬೇಕು.

ಅರ್ಥಶಾಸ್ತ್ರದ ತರಗತಿಯಲ್ಲಿ ನಾವು ಸ್ಥಿರವೆಚ್ಚ, ಬದಲಾಗುವ ವೆಚ್ಚ ಎಂದು ಓದುತ್ತೇವೆ. ಈ ದಾರಿಯ ಪ್ರವೇಶದ ಚೀಟಿ ಎಲ್ಲ ಸಂಸ್ಥೆಗೂ ಒಂದೇ. ಮರಳುವ ರೈಲಿನ ದರವೂ ಅವರ ಕೈಯಲ್ಲಿಲ್ಲ. ಹಾಗಾದರೆ ಒಂದು ಸಂಸ್ಥೆ ಮತ್ತೊಂದಕ್ಕಿಂತ ಬಹಳ ಅಗ್ಗವಾಗಿ ಕರೆದೊಯ್ಯುವುದೆಂದರೆ ಕತ್ತರಿ ಬೀಳುವುದು ಎಲ್ಲಿ? ಹೊರೆಯಾಳಿನ ಕೂಲಿಯಲ್ಲಿ, ಅವನ ಊಟದಲ್ಲಿ, ಅವನು ಮಲಗುವ ಡೇರೆಯಲ್ಲಿ. ಎಲ್ಲಕ್ಕಿಂತ ಸುಲಭವಾಗಿ, ಆಳುಗಳ ಸಂಖ್ಯೆಯಲ್ಲಿ. ಒಬ್ಬನನ್ನು ಬಿಟ್ಟರೆ ಅವನ ಹೊರೆ ಮಿಕ್ಕವರ ಬೆನ್ನಿಗೆ ಹಂಚಿಹೋಗುತ್ತದೆ.

ಇದನ್ನು ತಡೆಯಲು ಪೆರುವಿನಲ್ಲಿ ೨೦೦೧ರಲ್ಲಿ ಕಾನೂನು ಬಂದಿತು: ಹೊರೆಯಾಳಿಗೆ ೨೦ ಕಿಲೊಗ್ರಾಮಿಗಿಂತ ಹೆಚ್ಚು ಹೊರಿಸಕೂಡದು. ಅದಕ್ಕೆ ಮೊದಲು ಇದರ ಎರಡರಷ್ಟನ್ನು ಹೊತ್ತವರಿದ್ದರು. ನಮ್ಮ ತಂದೆಯವರು ಮಾರುಕಟ್ಟೆಯ ಅಂಗಳದಲ್ಲಿ ಮೂಟೆ ಹೊರುವವರು; ಒಂದೊಂದು ಮೂಟೆ ೫೦ ಕಿಲೊ. ಈ ಲೇಖನದ ಸಂಗತಿಯನ್ನು ಅವರಿಗೆ ಓದಿಹೇಳಿದಾಗ ಸೂರ್ಯದೇವಾಲಯಕ್ಕೆ ತಲೆದೂಗಿದರು, ಇಂಕರ ಕಣಜದ ವಿಷಯಕ್ಕೆ 'ಪರವಾಗಿಲ್ಲ' ಎಂದರು. ೨೦ ಕಿಲೊ ಎಂಬ ಕಾನೂನಿಗೆ ಬಂದಾಗ ಮಾತ್ರ ಕೇಳಿದರು: "ತೂಕ ಹಾಕೋರು ಯಾರಪ್ಪ?"

ನಾನು ಓದಿದ ಯಾವ ಪ್ರವಾಸಕಥನದಲ್ಲಿಯೂ ಲೇಖಕರಿಗೆ ಈ ಪ್ರಶ್ನೆ ಹೊಳೆದದ್ದನ್ನು ಕಾಣೆ. ತೂಕ ಹಾಕುವುದು ಉಂಟು. ದಾರಿಯ ಮೊದಲಲ್ಲಿ ಠಾಣೆಯಿದೆ, ಮುಂದೆ ಇನ್ನೊಂದು ಕಡೆಯೂ ತಕ್ಕಡಿಯಿದೆ. ಆದರೆ ತಕ್ಕಡಿಯಿಂದ ತಕ್ಕಡಿಗೆ ನಡುವೆ ಮೈಲಿಗಟ್ಟಲೆ ಬೆಟ್ಟವಿದೆ. ಠಾಣೆಯಲ್ಲಿ ಒಬ್ಬನ ಬೆನ್ನಿನ ಮೇಲಿದ್ದದ್ದು ತಿರುವು ದಾಟಿದ ಮೇಲೆ ಮತ್ತೊಬ್ಬನ ಬೆನ್ನಿಗೆ ಹೋದರೆ ಕಾಣುವ ಕಣ್ಣು ಒಂದೇ, ಅದು ಜೊತೆಯಲ್ಲಿ ನಡೆಯುವ ಪ್ರವಾಸಿಯದು. ೨೦೨೨ರಲ್ಲಿ ಹೊಸ ಕಾನೂನು ಬಂದ ಮೇಲೆಯೂ ಬೆಟ್ಟ ಅಷ್ಟೇ ಉದ್ದವಾಗಿದೆ. ಆದ್ದರಿಂದ ಕಡಿಮೆ ಹಣದಲ್ಲಿ ಹೋಗಬಯಸುವವನು ಮುಂಗಡ ಕಟ್ಟುವ ಮೊದಲೇ ಕೇಳಬೇಕು: ಹತ್ತು ಪ್ರವಾಸಿಗಳಿಗೆ ಆಳುಗಳೆಷ್ಟು? ಅವರು ಮಲಗುವುದೆಲ್ಲಿ? ನಾವು ಉಂಡು ಮಿಕ್ಕಿದ್ದೇ ಅವರ ಊಟವೆ, ಅಥವಾ ಅವರಿಗೆ ಬೇರೆ ಅಕ್ಕಿ ಹೊರುತ್ತೀರಾ? ಉತ್ತರ ತಡವರಿಸಿದರೆ ಆ ಸಂಸ್ಥೆಯನ್ನು ಬಿಟ್ಟು, ರೈಲುಹಳಿಯ ಪಕ್ಕದ ದಾರಿಯನ್ನೇ ಹಿಡಿಯುವುದು ಲೇಸು. ತನ್ನ ಚೀಲವನ್ನು ತಾನೇ ಹೊತ್ತರೆ ಇನ್ನೂ ಲೇಸು.

ನಾಲ್ಕನೆಯ ದಿನ ಪ್ರವಾಸಿಗಳನ್ನು ಬೆಳಗಿನ ಜಾವ ಮೂರೂವರೆಯ ಸುಮಾರಿಗೆ ಎಬ್ಬಿಸುತ್ತಾರೆ. ಬೆಳಕು ಹರಿದಮೇಲೆ ಅವರು 'ಇಂತಿ ಪುಂಕು' ಎಂಬ ಸೂರ್ಯದ್ವಾರವನ್ನು ಸೇರುತ್ತಾರೆ. ಮೋಡ ಸರಿದರೆ ಕೆಳಗೆ ಮಾಚು ಪಿಚುವಿನ ಹಾಳುಪಟ್ಟಣ ಹಾಸಿಕೊಂಡಿರುತ್ತದೆ. ಅಷ್ಟು ಬೇಗ ಎಬ್ಬಿಸುವುದು ಸೂರ್ಯೋದಯಕ್ಕಾಗಿ ಎಂದು ಅನೇಕರು ತಿಳಿದಿದ್ದಾರೆ. ಅದಕ್ಕೆ ಇನ್ನೊಂದು ಕಾರಣವೂ ಉಂಟು. ಸ್ಥಳೀಯರ ಕಡಿಮೆ ದರದ ರೈಲು ಬೆಳಿಗ್ಗೆಯೇ ಹೊರಟುಬಿಡುತ್ತದೆ. ಅಷ್ಟರೊಳಗೆ ಹೊರೆಯಾಳುಗಳು ಡೇರೆಗಳನ್ನು ಕಳಚಿ ಮಡಿಸಿ ಕಟ್ಟಿಕೊಂಡು, ಕತ್ತಲಲ್ಲಿ ಬೇರೊಂದು ದಾರಿಯಿಂದ ಬೆಟ್ಟವನ್ನು ಇಳಿದು ನಿಲ್ದಾಣವನ್ನು ಮುಟ್ಟಿರಬೇಕು.